ಕರ್ಪೂರದ ನೀರು

ಪಕ್ಕದ ಮನೆಯಲ್ಲಿ ಸಂಜೆ ಹೊತ್ತು ದೇವರ ಮುಂದೆ ಕರ್ಪೂರ ಹಚ್ಚುತ್ತಾರೆ. ಅದರ ವಾಸನೆ ನಮ್ಮ ಅಡುಗೆಮನೆ ಕಿಟಕಿಯಿಂದ ಒಳಗೆ ಬರುತ್ತದೆ. ಹುಟ್ಟಿದಾಗಿನಿಂದ ಗೊತ್ತಿರುವ ವಾಸನೆ. ಹೋದ ವರ್ಷದ ಜುಲೈನಿಂದ ಈಚೆಗೆ ಅದು ಬಂದರೆ ಸಾಕು, ಕೈಯಲ್ಲಿದ್ದ ಕೆಲಸ ನಿಂತುಬಿಡುತ್ತದೆ.

ಅವರಿಗೆ ಅದು ಬೆಳಗುವ ಕರ್ಪೂರ. ನಮಗೆ ಅದು ಕೊನೆಯ ನೀರಿನಲ್ಲಿ ಕರಗಿಸುವ ಕರ್ಪೂರ.

ಅಮ್ಮಿಗೆ ಗುಸಲ್ ಕೊಟ್ಟವರಲ್ಲಿ ನಾನೂ ಒಬ್ಬಳು. ಗುಸಲ್ ಅಂದರೆ ಮಯ್ಯತ್ತಿಗೆ, ಅಂದರೆ ತೀರಿಕೊಂಡವರ ದೇಹಕ್ಕೆ, ಮಾಡಿಸುವ ಕೊನೆಯ ಸ್ನಾನ. ಹೆಂಗಸರಿಗೆ ಹೆಂಗಸರೇ ಮಾಡಿಸಬೇಕು. ನಮ್ಮ ಮೊಹಲ್ಲಾದಲ್ಲಿ ಇದನ್ನು ಚೆನ್ನಾಗಿ ಬಲ್ಲ ಹಿರಿಯರೊಬ್ಬರು ಇದ್ದಾರೆ. ಅವರು ಬಂದು, ಹಿತ್ತಲ ಕಡೆಯ ಕೋಣೆಗೆ ಸುತ್ತ ಚಾದರ ಕಟ್ಟಿಸಿದರು. ಹಂಡೆಯ ನೀರು ಮುಟ್ಟಿ ನೋಡಿ, "ಬಿಸಿ ಜಾಸ್ತಿ ಆಯ್ತು ಮಗಳೇ, ಅಮ್ಮಿಗೆ ಹಿತ ಆಗೋ ಅಷ್ಟು ಸಾಕು" ಅಂದರು. ಉಸಿರು ನಿಂತು ಮೂರು ಗಂಟೆ ಆಗಿತ್ತು. ಆದರೂ ಅವರು ಹಿತ ಅನ್ನುವ ಮಾತಾಡಿದರು. ಅಲ್ಲಿಯವರೆಗೆ ನಡುಗುತ್ತಿದ್ದ ನನ್ನ ಕೈ ಆಗ ನಿಂತಿತು.

ಮೈಮೇಲೆ ಬಟ್ಟೆ ಹೊದಿಸಿಯೇ ಇರಬೇಕು. ಕೈಗೆ ಬಟ್ಟೆ ಸುತ್ತಿಕೊಂಡು ಅದರ ಅಡಿಯಲ್ಲೇ ತೊಳೆಯಬೇಕು. ಮೊದಲು ವುಝೂ, ನಮಾಜಿಗೆ ಮುಂಚೆ ಕೈ ಮುಖ ತೊಳೆಯುತ್ತೇವಲ್ಲ, ಹಾಗೆ. ಆಮೇಲೆ ಬಲಗಡೆ, ಆಮೇಲೆ ಎಡಗಡೆ. ಎಲಚಿ ಎಲೆ ಹಾಕಿ ಕಾಯಿಸಿದ ನೀರು. ಮೂರು ಸಲ, ಬೇಕಾದರೆ ಐದು ಸಲ. ಕೊನೆಯ ಸಲದ ನೀರಿಗೆ ಕರ್ಪೂರ.

ಇದನ್ನು ಹೇಳಿಕೊಟ್ಟವರು ಪ್ರವಾದಿ ಮುಹಮ್ಮದರು(ಸ). ಅವರ ಮಗಳು ಝೈನಬ್ ತೀರಿಕೊಂಡಾಗ, ಸ್ನಾನ ಮಾಡಿಸಲು ಕೂತ ಹೆಂಗಸರಿಗೆ ಹೇಳಿದ ಮಾತು ಅದು. ಆ ಹೆಂಗಸರಲ್ಲಿ ಒಬ್ಬರಾದ ಉಮ್ಮು ಅತಿಯ್ಯಾ ಅದನ್ನು ನೆನಪಿಟ್ಟು ಮುಂದಿನವರಿಗೆ ದಾಟಿಸಿದರು. ಸ್ನಾನ ಮುಗಿದ ಮೇಲೆ ನನಗೆ ತಿಳಿಸಿ ಅಂತ ಪ್ರವಾದಿಯವರು ಅಂದಿದ್ದರಂತೆ. ತಿಳಿಸಿದಾಗ ತಾವು ಸೊಂಟಕ್ಕೆ ಸುತ್ತಿಕೊಂಡಿದ್ದ ಬಟ್ಟೆಯನ್ನು ಕೊಟ್ಟು, ಇದು ಅವಳ ಮೈಗೆ ತಾಗುವ ಹಾಗೆ ಎಲ್ಲಕ್ಕಿಂತ ಒಳಗೆ ಸುತ್ತಿ ಅಂದರಂತೆ. ಮದರಸಾದಲ್ಲಿ ಗುಸಲ್‌ನ ಕ್ರಮವನ್ನು ಒಂದು, ಎರಡು, ಮೂರು ಅಂತ ಬಾಯಿಪಾಠ ಮಾಡಿದ್ದೆ. ಇದೊಬ್ಬ ಅಪ್ಪ ಮಗಳಿಗೆ ಮಾಡಿದ್ದು ಅಂತ ಅವತ್ತು ಹೊಳೆದೇ ಇರಲಿಲ್ಲ.

ಅಮ್ಮಿಯ ಬಲಗೈ ತೊಳೆದದ್ದು ನಾನು. ಹೆಬ್ಬೆರಳು, ತೋರುಬೆರಳಿನ ತುದಿಯಲ್ಲಿ ಚರ್ಮ ಇನ್ನೂ ಗಟ್ಟಿಯಾಗಿತ್ತು. ಅದು ಕಾಫಿ ಬೀಜ ಮಾಡಿದ ಗುರುತು.

ಚಿಕ್ಕಮಗಳೂರಿನವರಿಗೆ ಕಾಫಿ ಕ್ಯೂರಿಂಗ್ ಅಂದರೆ ಏನು ಅಂತ ಹೇಳಬೇಕಿಲ್ಲ. ಬೇರೆ ಊರಿನವರಿಗೆ ಹೇಳುತ್ತೇನೆ. ತೋಟದ ಕಣದಲ್ಲಿ ಒಣಗಿದ ಕಾಫಿ ಮೂಟೆಗಳಲ್ಲಿ ಇಲ್ಲಿಗೆ ಬರುತ್ತದೆ. ಸಿಪ್ಪೆ ಬಿಡಿಸಿ, ದಪ್ಪ ಸಣ್ಣ ಅಂತ ಬೇರೆ ಮಾಡಿ, ಆಮೇಲೆ ಹೆಂಗಸರ ಮುಂದೆ ಸುರಿಯುತ್ತಿದ್ದರು. ಸಾಲಾಗಿ ಕೂತು ಕರಿ ಬೀಜ, ಒಡಕು ಬೀಜ, ಹುಳ ಹಿಡಿದ ಬೀಜ ಆರಿಸಿ ತೆಗೆಯಬೇಕು. ಈಗ ಬಣ್ಣ ನೋಡಿ ಆರಿಸುವ ಮಷೀನ್ ಬಂದಿದೆ. ಆಗ ಎಲ್ಲ ಕೈಯಲ್ಲೇ. ನಮ್ಮ ಅಬ್ಬಾ, ಅಂದರೆ ಅಪ್ಪ, ಚಿಕ್ಕ ವಯಸ್ಸಿಗೇ ಹೋಗಿಬಿಟ್ಟಿದ್ದರು. ಅಮ್ಮಿ ಆ ಸಾಲಿನಲ್ಲಿ ಕೂತು ಕೂತು ನಮ್ಮ ಮೂವರನ್ನು ಓದಿಸಿದಳು.

ಅವಳ ಮರೆವು ಶುರುವಾದದ್ದು ಉಪ್ಪಿನಿಂದ. ಸಾರಿಗೆ ಎರಡೆರಡು ಸಲ ಉಪ್ಪು ಬೀಳತೊಡಗಿತು. ಆಮೇಲೆ ಅಂಗಡಿಯಿಂದ ಮನೆಗೆ ಬರುವ ದಾರಿ ಮರೆಯಿತು. ಆಮೇಲೆ ನಮ್ಮ ಹೆಸರುಗಳು. ಇದೆಲ್ಲ ಹೋದಾಗ ಅವಳು ಅಷ್ಟೇನೂ ಹೆದರಲಿಲ್ಲ. ನಮಾಜಿನಲ್ಲಿ ರಕಾತ್‌ಗಳ, ಅಂದರೆ ನಿಂತು, ಬಾಗಿ, ಹಣೆ ನೆಲಕ್ಕೆ ಇಡುವ ಒಂದೊಂದು ಸುತ್ತಿನ, ಲೆಕ್ಕ ತಪ್ಪಿದಾಗ ಹೆದರಿದಳು.

ಅಸರ್‌ಗೆ, ಅಂದರೆ ಇಳಿಹೊತ್ತಿನ ನಮಾಜಿಗೆ, ನಾಲ್ಕು ರಕಾತ್. ಅಮ್ಮಿ ಎರಡಕ್ಕೆ ಸಲಾಮ್ ಹೇಳಿ ಎದ್ದುಬಿಡುತ್ತಿದ್ದಳು. ಇಲ್ಲವೇ ಆರಾದರೂ ನಿಲ್ಲಿಸುತ್ತಿರಲಿಲ್ಲ. ಮುಗಿಸಿ ಐದು ನಿಮಿಷಕ್ಕೆ, "ನಾನು ಅಸರ್ ಮಾಡಿದ್ನಾ?" ಅಂತ ಕೇಳುತ್ತಿದ್ದಳು. ಹೌದು ಅಂದರೆ ನಂಬುತ್ತಿರಲಿಲ್ಲ. ಮತ್ತೆ ವುಝೂ, ಮತ್ತೆ ನಮಾಜಿನ ಚಾಪೆ ಜಾನಮಾಜ್. ನಾನು ಪಕ್ಕದಲ್ಲಿ ಕೂತು, "ಇನ್ನೆರಡು ಅಮ್ಮಿ, ಇನ್ನೊಂದು ಅಮ್ಮಿ" ಅಂತ ಬೆರಳು ತೋರಿಸುತ್ತಿದ್ದೆ. ಬಹಳ ದಿನ ತೋರಿಸಿದೆ. ಒಂದು ದಿನ ಸೋತೆ. ಆಫೀಸಿನಿಂದ ಬಂದಿದ್ದೆ, ತಲೆ ಸಿಡಿಯುತ್ತಿತ್ತು. "ಸಾಕು ಮಾಡು! ಆಗಲೇ ಮೂರು ಸಲ ಆಯ್ತು!" ಅಂತ ಕಿರುಚಿದೆ.

ಅವಳು ಏನೂ ಅನ್ನಲಿಲ್ಲ. ಜಾನಮಾಜ್ ಮಡಿಸಿ ತೊಡೆಯ ಮೇಲೆ ಇಟ್ಟುಕೊಂಡಳು. ಸ್ವಲ್ಪ ಹೊತ್ತಿನ ಮೇಲೆ, "ನಾಳೆ ಅವನು ಲೆಕ್ಕ ಕೇಳಿದರೆ ನಾನು ಏನು ಹೇಳಲಿ? ಕರಿ ಬೀಜದ ಜೊತೆ ಹಾಕಿಬಿಟ್ಟರೆ?" ಅಂದಳು.

ಆ ಮಾತು ಬರೆಯುವುದು ಇವತ್ತಿಗೂ ಕಷ್ಟ.

ಈ ಹೆದರಿಕೆ ಎಲ್ಲಿಂದ ಬಂತು ಅಂತ ನನಗೆ ಗೊತ್ತಿತ್ತು. ಎಷ್ಟೋ ವರ್ಷದ ಹಿಂದೆ ಹೆಂಗಸರ ಒಂದು ಕೂಟದಲ್ಲಿ ಕೇಳಿದ ಬಯಾನ್, ಅಂದರೆ ಧರ್ಮದ ಭಾಷಣ, ಅವಳ ಮನಸ್ಸಿನಲ್ಲಿ ಕೂತುಬಿಟ್ಟಿತ್ತು. ನಮಾಜ್ ತಪ್ಪಿಸಿದವಳ ಕಬರು ಹೇಗೆ ಕಿರಿದಾಗುತ್ತಾ ಬರುತ್ತದೆ, ಅಲ್ಲಿ ಎಂಥ ಹಾವು ಕಾದಿರುತ್ತದೆ ಅಂತ ಒಂದು ಗಂಟೆ ಹೇಳಿದ್ದರು. ಹೆತ್ತ ಮಕ್ಕಳ ಹೆಸರು ಮರೆತಳು. ಆ ಹಾವನ್ನು ಮರೆಯಲಿಲ್ಲ.

ಲೆಕ್ಕ ಇದೆ ಅನ್ನುವುದನ್ನು ನಾನು ಮನಸಾರೆ ನಂಬುತ್ತೇನೆ. ಅಣುವಿನಷ್ಟು ಒಳ್ಳೆಯದು ಮಾಡಿದವರು ಅದನ್ನು ಕಾಣುತ್ತಾರೆ, ಅಣುವಿನಷ್ಟು ಕೆಟ್ಟದ್ದು ಮಾಡಿದವರೂ ಅದನ್ನು ಕಾಣುತ್ತಾರೆ ಅಂತ ಕುರ್‌ಆನ್ ಹೇಳುತ್ತದೆ. ಬಡವರ ಹೊಟ್ಟೆ ಮೇಲೆ ಹೊಡೆದು, ನೆಮ್ಮದಿಯಾಗಿ ಬದುಕಿ ಸತ್ತವರಿಗೆ ಎಲ್ಲೂ ಲೆಕ್ಕ ಇಲ್ಲ ಅಂದರೆ ಹೇಗೆ? ಕಬರಿನಲ್ಲಿ ಮುನ್ಕರ್, ನಕೀರ್ ಅನ್ನುವ ಇಬ್ಬರು ದೇವದೂತರು ಬಂದು ನಿನ್ನ ಪ್ರಭು ಯಾರು, ನಿನ್ನ ದೀನ್, ಅಂದರೆ ಧರ್ಮ, ಯಾವುದು, ನಿನ್ನ ಪ್ರವಾದಿ ಯಾರು ಅಂತ ಕೇಳುತ್ತಾರೆ ಅನ್ನುವುದೂ ನನ್ನ ನಂಬಿಕೆಯೇ. ನನ್ನ ತಕರಾರು ಅದಕ್ಕಲ್ಲ. ಯಾವುದನ್ನು ಮೊದಲು ಹೇಳಬೇಕು, ಯಾರಿಗೆ ಹೇಳಬೇಕು ಅನ್ನುವುದಕ್ಕೆ. ಸೊಕ್ಕಿದವನಿಗೆ ಹೇಳುವ ಮಾತನ್ನು ಬೀಜ ಆರಿಸಿ ಬೆನ್ನು ಬಾಗಿದ ವಿಧವೆಗೆ ಹೇಳಬಾರದು.

ಕುರ್‌ಆನಿನಲ್ಲಿ 114 ಸೂರಾಗಳು, ಅಂದರೆ ಅಧ್ಯಾಯಗಳು, ಇವೆ. ಅದರಲ್ಲಿ 113 ಶುರುವಾಗುವುದೇ ಬಿಸ್ಮಿಲ್ಲಾದಿಂದ. ಅಲ್ಲಾಹನ ಹೆಸರು ಹೇಳಿದ ಕೂಡಲೇ ರಹ್ಮಾನ್, ರಹೀಮ್ ಅಂತ ಎರಡು ಸಲ ಕರುಣೆ ಬರುತ್ತದೆ. ಕರುಣೆಯನ್ನು ಅವನು ತನ್ನ ಮೇಲೆ ತಾನೇ ಕಡ್ಡಾಯ ಮಾಡಿಕೊಂಡಿದ್ದಾನೆ ಅಂತ ಸೂರಾ ಅನ್‌ಆಮ್ ಹೇಳುತ್ತದೆ. ನಮಗೆ ನಮಾಜ್ ಕಡ್ಡಾಯ. ಅವನಿಗೆ ಕರುಣೆ. ಇದನ್ನು ಓದಿದ ದಿನ ನಾನು ಪುಸ್ತಕ ಮುಚ್ಚಿ ಸುಮ್ನೆ ಕೂತಿದ್ದೆ.

ರಹ್ಮಾನ್ ಅನ್ನುವ ಹೆಸರಿನ ಬೇರೂ, ಅರಬ್ಬಿಯಲ್ಲಿ ಗರ್ಭಕ್ಕೆ ಇರುವ ಪದದ ಬೇರೂ ಒಂದೇ. ಅಲ್ಲಾಹನೇ ತನ್ನ ಹೆಸರಿನಿಂದ ಗರ್ಭಕ್ಕೆ ಹೆಸರು ಕೊಟ್ಟ ಅಂತ ಹದೀಸ್, ಅಂದರೆ ಪ್ರವಾದಿಯವರ ಮಾತಿನ ದಾಖಲೆ, ಇದೆ. ಕನ್ನಡದಲ್ಲಿ ನಾವು ಇದನ್ನು ಕರುಳು ಅಂತೀವಿ. ಹೆತ್ತ ಕರುಳು, ಕರುಳು ಚುರುಕ್ ಅಂತು, ಕರುಳ ಕುಡಿ. ಅರಬರಿಗೆ ಗರ್ಭದಲ್ಲಿ ಕಂಡದ್ದು ನಮ್ಮವರಿಗೆ ಕರುಳಿನಲ್ಲಿ ಕಂಡಿತು. ಬಹಳ ದೂರ ಏನಿಲ್ಲ.

ಯುದ್ಧದಲ್ಲಿ ಸೆರೆಯಾದವರ ನಡುವೆ ಒಬ್ಬ ತಾಯಿ ತನ್ನ ಮಗುವನ್ನು ಹುಡುಕುತ್ತಾ ಓಡಾಡುತ್ತಿದ್ದಳು. ಮಗು ಸಿಕ್ಕಿತು. ಎತ್ತಿ ಹೊಟ್ಟೆಗೆ ಅವಚಿಕೊಂಡು ಹಾಲು ಕುಡಿಸಿದಳು. ಪ್ರವಾದಿಯವರು ಜೊತೆಯವರನ್ನು ಕೇಳಿದರು: ಈ ತಾಯಿ ಈ ಮಗುವನ್ನು ಬೆಂಕಿಗೆ ಎಸೆಯುತ್ತಾಳಾ? ಅವಳ ಕೈಲಾದ ಮಟ್ಟಿಗೆ ಖಂಡಿತ ಇಲ್ಲ ಅಂತ ಜೊತೆಯವರು ಅಂದರು. ಆಗ ಪ್ರವಾದಿಯವರು, ಈ ತಾಯಿಗೆ ಮಗುವಿನ ಮೇಲೆ ಇರುವುದಕ್ಕಿಂತ ಹೆಚ್ಚಿನ ಕರುಣೆ ಅಲ್ಲಾಹನಿಗೆ ತನ್ನ ದಾಸರ ಮೇಲೆ ಇದೆ ಅಂದರು. ಇನ್ನೊಂದು ಕಡೆ ಹೇಳಿದ್ದಾರೆ: ಕರುಣೆಯ 100 ಭಾಗದಲ್ಲಿ 99 ಅವನು ತನ್ನ ಹತ್ತಿರ ಇಟ್ಟುಕೊಂಡು ಒಂದೇ ಒಂದನ್ನು ಭೂಮಿಗೆ ಇಳಿಸಿದ. ಕುದುರೆ ತನ್ನ ಮರಿಗೆ ತಗುಲೀತು ಅಂತ ಗೊರಸು ಎತ್ತಿ ಹಿಡಿಯುವುದು ಆ ಒಂದರಿಂದಲೇ.

ಅಮ್ಮಿ ಹಾಗೆ ಕೇಳಿದ ಮಾರನೇ ದಿನ ತಮ್ಮ ನಮ್ಮ ಮಸೀದಿಯ ಮೌಲಾನಾರನ್ನು ಹೋಗಿ ಕೇಳಿದ. ಅವರು ಎರಡು ಮಾತು ಹೇಳಿ ಕಳಿಸಿದರು. ಒಂದು, ಮೂವರ ಮೇಲಿನಿಂದ ಲೇಖನಿ ಎತ್ತಲಾಗಿದೆ: ಮಲಗಿದವನು ಏಳುವ ತನಕ, ಮಗು ದೊಡ್ಡದಾಗುವ ತನಕ, ಬುದ್ಧಿ ಸ್ವಾಧೀನ ಇಲ್ಲದವನಿಗೆ ಬುದ್ಧಿ ಮರಳುವ ತನಕ. ಅವರ ತಪ್ಪು ಬರೆಯುವುದಿಲ್ಲ. ಇನ್ನೊಂದು, ಬುಖಾರಿ ಅನ್ನುವ ಹದೀಸ್ ಸಂಗ್ರಹದಲ್ಲಿರುವ ಮಾತು. ಮನುಷ್ಯ ಕಾಯಿಲೆ ಬಿದ್ದರೆ, ಇಲ್ಲವೇ ಪ್ರಯಾಣ ಹೊರಟರೆ, ಅವನು ಗಟ್ಟಿಮುಟ್ಟಾಗಿ ಮನೆಯಲ್ಲಿದ್ದಾಗ ಏನೇನು ಮಾಡುತ್ತಿದ್ದನೋ ಅದು ಅವನ ಹೆಸರಿಗೆ ಹಾಗೇ ಬರೆದುಕೊಳ್ಳುತ್ತಾ ಹೋಗುತ್ತದೆ.

ತಮ್ಮ ಅದನ್ನು ತಂದು ಹೇಳಿದ ಕೂಡಲೇ ನಾನು ಅಮ್ಮಿಯ ಹತ್ತಿರ ಓಡಿ ಹೋಗಿ ಹೇಳಿದೆ. "ಅಮ್ಮಿ, ನೀನು ಮೊದಲು ಮಾಡ್ತಿದ್ದ ನಮಾಜ್ ಎಲ್ಲಾ ಈಗಲೂ ದಿನಾ ನಿನ್ನ ಹೆಸರಿಗೆ ಬರೀತಿದ್ದಾರೆ. ನೀನು ಲೆಕ್ಕ ಇಡೋದೇ ಬೇಡ." ಅವಳು ನನ್ನ ಮುಖ ನೋಡಿದಳು. "ಹೌದಾ?" ಅಂದಳು. ಮುಖ ಅರಳಿತು. ಅವತ್ತು ರಾತ್ರಿಯ ಇಶಾ ನಮಾಜ್ ಎರಡೋ ಮೂರೋ ರಕಾತ್ ಮಾಡಿ ನೆಮ್ಮದಿಯಾಗಿ ಮಲಗಿದಳು.

ಮಾರನೇ ದಿನ ಅದನ್ನೂ ಮರೆತಿದ್ದಳು. ಮತ್ತೆ ಅದೇ ಹೆದರಿಕೆ. ನಾನು ಮತ್ತೆ ಹೇಳಿದೆ. "ಹೌದಾ?" ಅಂದಳು. ಮತ್ತೆ ಮುಖ ಅರಳಿತು. ಆಮೇಲೆ ಅದು ನಮ್ಮ ದಿನದ ಕೆಲಸ ಆಯಿತು. ಒಂದೂವರೆ ವರ್ಷ, ಸುಮಾರಾಗಿ ದಿನಾ ಸಂಜೆ, ಅಮ್ಮಿ ಆ ಒಳ್ಳೆಯ ಸುದ್ದಿಯನ್ನು ಮೊದಲ ಸಲ ಕೇಳಿದಳು. ನಾನು ಕಿರುಚಿದ್ದು ಮಾತ್ರ ಅವಳಿಗೆ ಒಂದೇ ಗಂಟೆಗೆ ಮರೆತುಹೋಗಿತ್ತು. ನನಗೆ ಮರೆತಿಲ್ಲ. ಅದಕ್ಕೆ ನಾನು ಕ್ಷಮೆ ಕೇಳುತ್ತಲೇ ಇದ್ದೇನೆ.

ಸೂರಾ ಮರ್ಯಮ್‌ನಲ್ಲಿ ಒಂದು ಪುಟ್ಟ ಮಾತಿದೆ. ನಿನ್ನ ಪ್ರಭು ಮರೆಯುವವನಲ್ಲ. ಚಿಕ್ಕಂದಿನಲ್ಲಿ ಇದನ್ನು ಎಚ್ಚರಿಕೆ ಅಂದುಕೊಂಡಿದ್ದೆ. ನೀನು ಮಾಡಿದ್ದೆಲ್ಲ ಅಲ್ಲಿ ಇದೆ, ಹುಷಾರು, ಅನ್ನುವ ಹಾಗೆ. ಅಮ್ಮಿ ಒಂದೊಂದಾಗಿ ಎಲ್ಲವನ್ನೂ ಕಳಕೊಳ್ಳುತ್ತಿದ್ದಾಗ ಅದೇ ಮಾತು ನನಗೆ ಆಸರೆ ಆಯಿತು. ಅವಳು ಮರೆತದ್ದನ್ನೆಲ್ಲ ಮರೆಯದ ಒಬ್ಬ ಇದ್ದಾನೆ.

ಜುಲೈನಲ್ಲಿ ಹೋದಳು. ಬೆಳಗಿನ ಜಾವದ ಫಜರ್ ಅಜಾನ್ ಆಗಿತ್ತು. ಹೊರಗೆ ನಾಲ್ಕು ದಿನದಿಂದ ಬಿಡದ ಮಳೆ. ಮುಖ ಪಶ್ಚಿಮಕ್ಕೆ ತಿರುಗಿಸಿದೆವು. ಹತ್ತಿಯಲ್ಲಿ ತುಟಿಗೆ ನೀರು ಒತ್ತಿದೆವು. ತಮ್ಮ ಸೂರಾ ಯಾಸೀನ್ ಓದಿದ. ನಾನು ಕಿವಿಯ ಹತ್ತಿರ ಮೆಲ್ಲಗೆ ಕಲಿಮಾ, ಅಂದರೆ ನಮ್ಮ ನಂಬಿಕೆಯ ಸಾಕ್ಷಿವಾಕ್ಯ, ಹೇಳುತ್ತಿದ್ದೆ. ಹೇಳು ಅಂತ ಒತ್ತಾಯ ಮಾಡಬಾರದು, ಕೇಳಿಸುವ ಹಾಗೆ ಹೇಳುತ್ತಿರಬೇಕು ಅಷ್ಟೇ. ಅವಳ ತುಟಿ ಅಲುಗಲಿಲ್ಲ. ಹೆಬ್ಬೆರಳು ಮಾತ್ರ ಉಳಿದ ಬೆರಳುಗಳ ಮೇಲೆ ಓಡಾಡುತ್ತಿತ್ತು. ಬೀಜ ಆರಿಸುವಾಗಲೂ ಅವಳ ಬೆರಳು ಹಾಗೇ ಓಡುತ್ತಿತ್ತು. ಬೆರಳ ಗೆಣ್ಣಿನ ಮೇಲೆ ತಸ್ಬೀಹ್, ಅಂದರೆ ಅಲ್ಲಾಹನ ಜಪ, ಎಣಿಸುವಾಗಲೂ ಹಾಗೇ. ಕಲಿಮಾ ಹೇಳಿದಳಾ ಅಂತ ಆಮೇಲೆ ಬಂದವರೆಲ್ಲ ಕೇಳಿದರು. ಕಂಡದ್ದನ್ನು ಹೇಳಿದೆ.

ಇನ್ನಾ ಲಿಲ್ಲಾಹಿ ವ ಇನ್ನಾ ಇಲೈಹಿ ರಾಜಿಊನ್. ಸಾವಿನ ಸುದ್ದಿ ಕೇಳಿದ ಕೂಡಲೇ ನಾವು ಹೇಳುವ ಮಾತು. ನಾವು ಅಲ್ಲಾಹನವರು, ಅವನ ಕಡೆಗೇ ಮರಳುವವರು. ಅಮ್ಮಿ ಇದನ್ನು ಎಲ್ಲದಕ್ಕೂ ಹೇಳುತ್ತಿದ್ದಳು. ಬೀಗದ ಕೈ ಕಳೆದರೆ, ಹಾಲು ಉಕ್ಕಿದರೆ, ಮಳೆಗಾಲದಲ್ಲಿ ಕರೆಂಟ್ ಹೋದರೆ. ಅದಕ್ಕೇ ಈ ಮಾತು ನಮ್ಮ ಮನೆಯಲ್ಲಿ ಬರೀ ಸಾವಿನ ಮಾತಾಗಿರಲಿಲ್ಲ. ಪಕ್ಕದ ಮನೆ ಅಕ್ಕ ಚಿಕ್ಕಂದಿನಲ್ಲಿ ನನ್ನನ್ನು ತಿದ್ದಿದ್ದು ನೆನಪಿದೆ. ಅವರ ಮನೆಯಿಂದ ಹೊರಡುವಾಗ "ಹೋಗ್ತೀನಿ" ಅಂದಿದ್ದೆ. "ಹಾಗನ್ನಬಾರದು ಪುಟ್ಟಿ, ಬರ್ತೀನಿ ಅನ್ನು" ಅಂದಿದ್ದರು. ರಾಜಿಊನ್‌ನಲ್ಲಿ ಇರುವುದೂ ಹೋಗುವ ಮಾತಲ್ಲ. ಎಲ್ಲಿಂದ ಹೊರಟೆವೋ ಅಲ್ಲಿಗೆ ತಿರುಗಿ ಬರುವ ಮಾತು. ನಾವು ಈ ಕಡೆ ನಿಂತಿರುವುದರಿಂದ ನಮಗೆ ಅದು ಹೋದ ಹಾಗೆ ಕಾಣುತ್ತದೆ, ಅಲ್ವಾ?

ಮಯ್ಯತ್ತಿಗೆ ಸುತ್ತಲು, ಹೆಂಗಸರಿಗೆ ಐದು ತುಂಡು ಬಿಳಿ ಬಟ್ಟೆ. ಕೂದಲನ್ನು ಎರಡು ಭಾಗ ಮಾಡಿ ಎದೆಯ ಮೇಲೆ ಇಟ್ಟೆವು. ಜನಾಜ, ಅಂದರೆ ಮಯ್ಯತ್ತು ಮಲಗಿಸಿದ ಮಂಚ, ಎತ್ತುವ ಮುಂಚೆ ತಮ್ಮ ಬಾಗಿಲಲ್ಲಿ ನಿಂತು, ನಮ್ಮಮ್ಮ ಯಾರಿಗಾದರೂ ಸಾಲ ಕೊಡಬೇಕಿದ್ದರೆ ನನಗೆ ಹೇಳಿ, ನಾನು ತೀರಿಸುತ್ತೇನೆ, ಏನಾದರೂ ನೋಯಿಸಿದ್ದರೆ ಮಾಫ್ ಮಾಡಿ ಅಂತ ಕೇಳಿದ. ಸಾಲದ ವಿಷಯ ನಮ್ಮಲ್ಲಿ ಬಹಳ ದೊಡ್ಡದು. ಸಾಲ ಉಳಿಸಿ ಸತ್ತವರ ಜನಾಜ ನಮಾಜಿಗೆ, ಯಾರಾದರೂ ಅದನ್ನು ಹೊರುವ ತನಕ, ಪ್ರವಾದಿಯವರು ನಿಲ್ಲದ ಸಂದರ್ಭವೂ ಇದೆ. ಕನ್ನಡದಲ್ಲಿ ಸಾಲವೂ ತೀರುತ್ತದೆ, ಮನುಷ್ಯರೂ ತೀರಿಕೊಳ್ಳುತ್ತಾರೆ. ಯಾರೂ ಮುಂದೆ ಬರಲಿಲ್ಲ. "ಒಳ್ಳೆಯವರು, ಒಳ್ಳೆಯವರು" ಅಂತ ಅಂಗಳದಲ್ಲಿ ನಿಂತವರು ಅಂದರು.

ಆ ಮಾತಿಗೂ ಬೆಲೆ ಇದೆ. ಒಂದು ಜನಾಜ ಹೋಗುತ್ತಿದ್ದಾಗ ಜನ ಸತ್ತವರನ್ನು ಹೊಗಳಿದ್ದು ಕೇಳಿ ಪ್ರವಾದಿಯವರು, ಇವರಿಗೆ ಸ್ವರ್ಗ ಖಚಿತವಾಯಿತು, ಭೂಮಿಯ ಮೇಲೆ ನೀವು ಅಲ್ಲಾಹನ ಸಾಕ್ಷಿಗಳು ಅಂದಿದ್ದರು.

ನಮ್ಮ ಕಡೆ ಹೆಂಗಸರು ಖಬರಸ್ತಾನಕ್ಕೆ ಹೋಗುವುದಿಲ್ಲ. ನಾನು ಬಾಗಿಲಲ್ಲೇ ನಿಂತೆ. ಉಳಿದದ್ದು ತಮ್ಮ ಹೇಳಿದ್ದು. ಗಟ್ಟಿ ಮಣ್ಣಾದರೆ ಕಬರಿನ ಒಳಗೋಡೆಯಲ್ಲಿ ಪಶ್ಚಿಮಕ್ಕೆ ಗೂಡು ತೋಡುತ್ತಾರೆ. ಮಲೆನಾಡಿನ ಆ ಮಳೆಗೆ ಗೂಡು ನಿಲ್ಲುವುದಿಲ್ಲ, ಕುಸಿಯುತ್ತದೆ. ಅದಕ್ಕೆ ನಡುವೆ ಕಾಲುವೆ ಹಾಗೆ ತೋಡಿ, ಮೇಲೆ ಹಲಗೆ ಹಾಕುವ ಕ್ರಮ. ಟಾರ್ಪಾಲು ಹಿಡಿದು ತೋಡಿದರಂತೆ. ಆದರೂ ತಳದಲ್ಲಿ ನೀರು ಒಸರುತ್ತಿತ್ತಂತೆ. ತಮ್ಮ ಇಳಿದು ಬೊಗಸೆಯಲ್ಲಿ ತೆಗೆದು ತೆಗೆದು ಹಾಕಿದನಂತೆ. ಮೂರು ಹಿಡಿ ಮಣ್ಣು ಹಾಕುವಾಗ ಹೇಳುವ ಮಾತು ಕುರ್‌ಆನಿನದೇ: ಇದರಿಂದಲೇ ನಿಮ್ಮನ್ನು ಸೃಷ್ಟಿಸಿದೆವು, ಇದಕ್ಕೇ ಮರಳಿಸುತ್ತೇವೆ, ಇದರಿಂದಲೇ ಇನ್ನೊಮ್ಮೆ ಹೊರಗೆ ತರುತ್ತೇವೆ. ಅವನು ಮನೆಗೆ ಬಂದಾಗ ಮೊಣಕೈವರೆಗೂ ಕೆಂಪು ಮಣ್ಣು. ತೊಳೆಯಲು ಮನಸ್ಸಿಲ್ಲದೆ ಹಾಗೇ ಕೂತಿದ್ದ.

"ಅಳಬೇಡಿ, ಮಯ್ಯತ್ತಿಗೆ ತೊಂದರೆ ಆಗುತ್ತೆ" ಅಂತ ಒಬ್ಬಿಬ್ಬರು ಅಂದರು. ಎದೆ ಬಡಿದುಕೊಂಡು, ಬಟ್ಟೆ ಹರಿದುಕೊಂಡು ಗೋಳಾಡುವುದು ಬೇಡ ಅಂತ ಇದೆ, ನಿಜ. ಕಣ್ಣೀರು ಬೇಡ ಅಂತ ಇಲ್ಲ. ಪುಟ್ಟ ಮಗ ಇಬ್ರಾಹೀಮ್ ಕೊನೆಯುಸಿರು ಎಳೆಯುವಾಗ ಪ್ರವಾದಿಯವರೇ ಅತ್ತರು. ನೀವೂ ಅಳುತ್ತೀರಾ ಅಂತ ಒಬ್ಬರು ಕೇಳಿದ್ದಕ್ಕೆ, ಇದು ಕರುಣೆ ಅಂದರು. ಕಣ್ಣು ಅಳುತ್ತದೆ, ಮನಸ್ಸು ನೋಯುತ್ತದೆ, ನಮ್ಮ ಪ್ರಭುವಿಗೆ ಒಪ್ಪಿಗೆ ಆಗುವುದನ್ನೇ ಹೇಳುತ್ತೇವೆ ಅಂದರು. ನಾನು ತಮ್ಮನಿಗೆ ಅಷ್ಟು ಹೇಳಿದೆ. ಅವನು ಆಗ ಅತ್ತ.

ಮೂರು ದಿನ ನಮ್ಮ ಒಲೆ ಹೊತ್ತಲಿಲ್ಲ. ಪಕ್ಕದ ಮನೆ ಅಕ್ಕ ಅಕ್ಕಿ ರೊಟ್ಟಿ, ಕಾಯಿ ಚಟ್ನಿ, ಒಂದು ದೊಡ್ಡ ಚೊಂಬು ಕಾಫಿ ಹಿಡಿದು ಮಳೆಯಲ್ಲಿ ಬಂದರು. ಪ್ರವಾದಿಯವರ ದೊಡ್ಡಪ್ಪನ ಮಗ ಜಅಫರ್ ತೀರಿಕೊಂಡ ಸುದ್ದಿ ಬಂದಾಗ, ಅವರ ಮನೆಯವರಿಗೆ ಅಡುಗೆ ಮಾಡಿ ಕಳಿಸಿ, ಅವರ ಮೇಲೆ ದುಃಖ ಬಂದಿದೆ ಅಂತ ಪ್ರವಾದಿಯವರು ಹೇಳಿದ್ದರು. ಅಕ್ಕನ ಮನೆಯಲ್ಲೂ ಸಾವಾದರೆ ಒಲೆ ಹಚ್ಚುವುದಿಲ್ಲ. ಅವರ ಅತ್ತೆ ಹೋದಾಗ ಅಮ್ಮಿ ಇದೇ ಬಾಗಿಲಿನಿಂದ ಅನ್ನ, ತಿಳಿ ಸಾರು ಕಳಿಸಿದ್ದಳು.

ಡಿಸೆಂಬರ್‌ನಲ್ಲಿ, ಕಾಫಿ ಕೊಯ್ಲಿನ ಹೊತ್ತಿಗೆ, ಒಬ್ಬ ಅಜ್ಜಿ ಮನೆ ಹುಡುಕಿಕೊಂಡು ಬಂದರು. ಆಲ್ದೂರಿನ ಕಡೆಯಿಂದ, ಬಸ್ಸಿನಲ್ಲಿ. ಕ್ಯೂರಿಂಗ್‌ನಲ್ಲಿ ಅಮ್ಮಿಯ ಪಕ್ಕದಲ್ಲೇ ಕೂರುತ್ತಿದ್ದವರಂತೆ. "ನಾವೆಲ್ಲ ಬೂಬಮ್ಮ ಅಂತಿದ್ವಿ. ಸುದ್ದಿ ಈಗ ಗೊತ್ತಾಯ್ತು ತಾಯಿ" ಅಂದರು. ಕೂತು, ಸೆರಗಿನ ಗಂಟು ಬಿಚ್ಚಿ, ಮಡಿಸಿದ ನೋಟುಗಳನ್ನು ನನ್ನ ಕೈಗೆ ಇಟ್ಟರು. 300 ರೂಪಾಯಿ. ಮಗಳ ಹೆರಿಗೆಗೆ ಅಂತ ಅಮ್ಮಿ ಯಾವ ಕಾಲದಲ್ಲೋ ಕೊಟ್ಟದ್ದಂತೆ. ಆಮೇಲೆ ಕೆಲಸ ಬಿಟ್ಟು ಊರಿಗೆ ಹೋದವರಿಗೆ ತಿರುಗಿ ಕೊಡಲು ಆಗಿರಲಿಲ್ಲವಂತೆ. ಅಮ್ಮಿ ಇದನ್ನು ಒಂದು ದಿನವೂ ಹೇಳಿರಲಿಲ್ಲ. ಮರೆವು ಬರುವ ಮುಂಚೆಯೂ ಹೇಳಿರಲಿಲ್ಲ.

ಕಾಫಿ ಕುಡಿಯುತ್ತಾ ಅಜ್ಜಿ ಕೇಳಿದರು. "ಕೊನೇವರೆಗೂ ನಮಾಜ್ ಮಾಡ್ತಿದ್ರಾ?"

ಮರೆವಿನ ವಿಷಯ ಹೇಳಿದೆ. ಲೆಕ್ಕ ತಪ್ಪಿ ತಪ್ಪಿ ಬಹಳ ಅಳುತ್ತಿದ್ದಳು ಅಂತ ಹೇಳಿದೆ.

"ಅಯ್ಯೋ, ಲೆಕ್ಕ ನಾನು ನೋಡಿದೀನಲ್ಲ" ಅಂದರು. "ಮಧ್ಯಾಹ್ನ ಊಟದ ಗಂಟೆ ಹೊಡೆದರೆ ಎಲ್ಲರೂ ಬುತ್ತಿ ಬಿಚ್ಚೋರು. ನಿಮ್ಮಮ್ಮ ಮೊದಲು ಗೋಣಿಚೀಲ ಹಾಸೋರು. ಮುಂದೆ ಯಾರೂ ಹಾಯಬಾರದಂತಲ್ಲ, ಅದಕ್ಕೆ ನಾನು ಕಾವಲು ಕೂತಿರ್ತಿದ್ದೆ. ನಾನಿದ್ದ ಹದಿನಾರು ವರ್ಷ, ತಿಂಗಳ ಆ ನಾಕು ದಿನ ಬಿಟ್ಟರೆ, ಒಂದು ದಿನಾನೂ ತಪ್ಪಿಸಿದ್ದು ನಾನು ನೋಡಿಲ್ಲ."

"ಇನ್ನೊಂದು ಸಲ ಹೇಳಿ ಅಜ್ಜಿ" ಅಂದೆ.

ಅವರು ಲೋಟ ಕೆಳಗಿಟ್ಟು, ಊಟದ ಗಂಟೆಯಿಂದ ಮತ್ತೆ ಶುರು ಮಾಡಿದರು.